ಇಬ್ಬರು ಒಳಗೆ, ಒಬ್ಬರು ಹೊರಗೆ

ನಾನು ಒಂದು ಮರೆಗುಡಾರ. ಕಾಡುಪ್ರಾಣಿಗಳ ಚಿತ್ರ ತೆಗೆಯುವವರು ಒಳಗೆ ಅಡಗಿ ಕುಳಿತು ಕಾಯುವ ಬಟ್ಟೆಯ ಗೂಡು. ನಾಲ್ಕಡಿ ಉದ್ದ, ನಾಲ್ಕಡಿ ಅಗಲ, ಐದಡಿ ಎತ್ತರ. ಯಾರ ಕಣ್ಣಿಗೂ ಬೀಳದೆ ಇರುವುದೇ ನನ್ನ ಕೆಲಸ. ಆದರೆ ಆ ಕೆಲಸ ನಾನು ಹುಟ್ಟಿದ ದಿನವೇ ಕೆಟ್ಟಿತು.

ಗದಗಿನ ಮುಳಗುಂದ ನಾಕಾದ ಹತ್ತಿರ ದಾವಲಸಾಬರ ಅಂಗಡಿ. ಲಾರಿಗೆ ತಾಡಪತ್ರಿ, ಟ್ರ್ಯಾಕ್ಟರಿಗೆ ಹುಡ್, ಆಟೋಗೆ ಸೀಟು ಹೊಲಿಯುವುದು ಅವರ ಕಸುಬು. ಒಂದು ದಿನ ಮಂದಾಕಿನಿ ಬಳಿಗಾರ ಎಂಬ ಹೆಂಗಸು ಕಾಗದದಲ್ಲಿ ಏನೋ ಗೀಚಿಕೊಂಡು ಅವರಲ್ಲಿಗೆ ಬಂದಳು. ಸಾಬರು ಅದನ್ನು ಮೇಲೆ ಕೆಳಗೆ ತಿರುಗಿಸಿ ನೋಡಿದರು.

"ಏನ್ರಿ ಬಾಯಾರ ಇದು, ಕೋಳಿಗೂಡೇನು?"

"ಅಲ್ರಿ. ಇದರಾಗ ನಾ ಕುಂದ್ರಾಕಿ."

"ಎಷ್ಟೊತ್ತು?"

"ಮುಂಜಾನಿಂದ ಸಂಜೀತನಕ."

ಸಾಬರು ಕನ್ನಡಕವನ್ನು ಹಣೆಗೆ ಏರಿಸಿದರು. "ಮನ್ಯಾಗ ಏನರೆ ತ್ರಾಸ ಐತೇನ್ರಿ?"

ಅವಳು ನಕ್ಕು ಎಲ್ಲವನ್ನೂ ವಿವರಿಸಿದಳು. ಸಾಬರಿಗೆ ಅರ್ಥವಾಯಿತೋ ಇಲ್ಲವೋ, ಹೊಲಿಗೆ ಮಾತ್ರ ಜೀವ ಕೊಟ್ಟು ಹೊಲಿದರು. ಹಸಿರು ಬೂದಿ ಬಣ್ಣದ ದಪ್ಪ ಕ್ಯಾನ್ವಾಸು. ಮುಂದೆ ಒಂದು ಕಿಟಕಿ, ಅದಕ್ಕೆ ಕ್ಯಾಮೆರಾದ ಮೂತಿ ತೂರಿಸಲು ಕುಪ್ಪಸದ ತೋಳಿನಂಥದ್ದೊಂದು ತೋಳು, ತುದಿಗೆ ಇಲಾಸ್ಟಿಕ್. ಲಾರಿಯವರು ಕಾಗದಪತ್ರ ಇಟ್ಟುಕೊಳ್ಳುವಂತೆ ಒಳಗಡೆ ಒಂದು ಜೇಬು. ಎಲ್ಲ ಮುಗಿದ ಮೇಲೆ, ಕೇಳದೆ ಮಾಡದೆ, ತಗಡಿನ ಅಚ್ಚು ಇಟ್ಟು ನನ್ನ ಬೆನ್ನಿನ ಮೇಲೆ ಬಿಳಿ ಬಣ್ಣದಲ್ಲಿ ಗೇಣುದ್ದದ ಅಕ್ಷರ ಹೊಡೆದರು: ದಾವಲ್ ಹುಡ್ ವರ್ಕ್ಸ್, ಗದಗ.

ಮಂದಾಕಿನಿ ಹಣೆಗೆ ಕೈ ಹಚ್ಚಿಕೊಂಡಳು. "ಇದು ಕಾಣಬಾರದ್ರಿ ಸಾಬರ."

"ಹೆಸರು ಕಾಣಲಿಲ್ಲಂದ್ರ ಹ್ಯಾಂಗ್ರಿ? ನಾಳೆ ಹರದ್ರ ಯಾರ ಕಡೆ ತರ್ತೀರಿ?"

ಅಳಿಸಿಕೊಡಿ ಎನ್ನಲು ಅವಳಿಗೆ ಬಾಯಿ ಬರಲಿಲ್ಲ. ಅವಳ ಸ್ವಭಾವವೇ ಅದು. ಅವತ್ತಿನಿಂದ ನನ್ನನ್ನು ಎಲ್ಲಿ ನಿಲ್ಲಿಸಿದರೂ ಮೊದಲು ಆ ಅಕ್ಷರಗಳ ಮೇಲೆ ಸಗಣಿ, ಮಣ್ಣು ಕಲಸಿ ಮೆತ್ತುತ್ತಿದ್ದಳು. ಹುಟ್ಟಿದ ಮರುದಿನವೇ ಮೈಗೆ ಸಗಣಿ ಬಳಿಸಿಕೊಂಡ ಗುಡಾರ ಇನ್ನೆಲ್ಲಾದರೂ ಇದ್ದರೆ ನನಗೆ ತಿಳಿಸಿ.

ಅವಳ ಹಿಂದಿನ ಕಥೆಯನ್ನು ಅವಳ ಬಾಯಿಂದಲೇ ಕೇಳಿದ್ದೇನೆ. ಅಪ್ಪನದು ಫೋಟೊ ಸ್ಟುಡಿಯೋ. ಇವಳು ಹದಿನೆಂಟರ ವಯಸ್ಸಿನಿಂದ ಮದುವೆಗಳ ವಿಡಿಯೋ ತೆಗೆದವಳು. ತಾಳಿ ಕಟ್ಟುವಾಗ ಯಾರಾದರೂ ಅಡ್ಡ ಬಂದರೆ, "ಇನ್ನೊಮ್ಮೆ ಕಟ್ಟಿದಂಗ ಮಾಡ್ರಿ" ಎಂದು ಮದುಮಗನಿಗೆ ಹೇಳಬೇಕು. ಹೆಣ್ಣು ಒಪ್ಪಿಸಿಕೊಡುವಾಗ ತಾಯಿಗೆ ಅಳು ಬೇಗ ನಿಂತರೆ, "ಇನ್ನೊಂದೀಟು ಅಳ್ರಿ" ಅನ್ನಬೇಕು. ಹದಿನಾಲ್ಕು ವರ್ಷ ಇದನ್ನೇ ಹೇಳಿ ಅವಳಿಗೆ ಹೇಸಿಗೆ ಹಿಡಿಯಿತು. ಇನ್ನೊಮ್ಮೆ ಮಾಡಿ ಎಂದು ಯಾರಿಗೂ ಹೇಳಬೇಕಿಲ್ಲದ ಕೆಲಸ ಬೇಕು ಎಂದುಕೊಂಡು ಕಾಡಿನ ಕಡೆ ತಿರುಗಿದಳು. ಹೀಗೆ ನಾನು ಅವಳ ಕೈಗೆ ಸಿಕ್ಕಿಕೊಂಡೆ.

ನಮ್ಮ ಕಸುಬಿನಲ್ಲಿ ಒಂದು ಹಳೆಯ ಉಪಾಯವಿದೆ. ಒಬ್ಬರು ಗುಡಾರ ಹೊಕ್ಕಿದ್ದನ್ನು ಹಕ್ಕಿ ನೋಡಿದರೆ, ಅವರು ಹೊರಬೀಳುವವರೆಗೆ ಹತ್ತಿರ ಸುಳಿಯುವುದಿಲ್ಲ. ಅದಕ್ಕೇ ಇಬ್ಬರು ಒಟ್ಟಿಗೆ ಒಳಗೆ ಬರುತ್ತಾರೆ. ತುಸು ಹೊತ್ತಿನ ಮೇಲೆ ಒಬ್ಬರು ಎಲ್ಲರಿಗೂ ಕಾಣುವಂತೆ ಕೈ ಬೀಸಿಕೊಂಡು ಹೊರಟುಹೋಗುತ್ತಾರೆ. ಬಂದವರು ಹೋದರು ಎಂದು ಹಕ್ಕಿಗೆ ಸಮಾಧಾನವಾಗುತ್ತದೆ. ಹಕ್ಕಿಗೆ ಎಣಿಸಲು ಬರುವುದಿಲ್ಲ ಎಂಬ ನಂಬಿಕೆಯ ಮೇಲೆ ಇಡೀ ಉಪಾಯ ನಿಂತಿದೆ.

ಹಾಗೆ ಬಂದು ಹಾಗೆ ಹೋಗುವವನು ಮಾಳಪ್ಪ. ಇನ್ನೂರು ಕುರಿಗಳ ಯಜಮಾನ, ಹೆಗಲ ಮೇಲೆ ಕಂಬಳಿ, ಕೈಯಲ್ಲಿ ಉದ್ದನೆಯ ಕೋಲು. ಒಳಗೆ ಬಂದು ಕುಕ್ಕರಗಾಲಲ್ಲಿ ಕುಳಿತು ಎಲೆ ಅಡಿಕೆ ಹಾಕಿಕೊಂಡು, "ನಾ ಹೊಂಟ್ನಿ ಅಕ್ಕಾರ, ಹಕ್ಕಿಗೆ ಹೇಳ್ರಿ" ಎಂದು ಎದ್ದು ಹೋಗುತ್ತಿದ್ದ. ಅವನ ಕುರಿಗಳು ಮೇಯುವ ಗುಡ್ಡದಲ್ಲೇ ನಮ್ಮ ಬಹುಪಾಲು ಕೆಲಸ. ಆ ಗುಡ್ಡದ ಹೆಸರು ನಾನು ಹೇಳುವುದಿಲ್ಲ. ಮೇಲೆ ಸಾಲಾಗಿ ಗಾಳಿಯಂತ್ರಗಳು ತಿರುಗುತ್ತವೆ ಎಂದಷ್ಟೇ ಹೇಳುತ್ತೇನೆ. ಅಂಥ ಗುಡ್ಡಗಳು ಈ ಸೀಮೆಯಲ್ಲಿ ಹತ್ತಾರಿವೆ, ನಿಮಗೆ ಉಪಯೋಗವಿಲ್ಲ.

ಈಗ ನನ್ನ ಗೋಳು ಕೇಳಿ. ನನ್ನನ್ನು ನಿಲ್ಲಿಸಿದ್ದಕ್ಕಿಂತ ಬಿಚ್ಚಿದ್ದೇ ಹೆಚ್ಚು. ಒಂದು ಸಲ ಗೌಜಲಹಕ್ಕಿಗಳು ನೀರು ಕುಡಿಯುವ ಹೊಂಡದ ಹತ್ತಿರ ನನ್ನನ್ನು ನಿಲ್ಲಿಸಿದಳು. ಮೊದಲ ದಿನ ನೂರು ಹೆಜ್ಜೆ ದೂರ. ಮರುದಿನ ಎಂಬತ್ತು. ಆಮೇಲೆ ಅರವತ್ತು. ಹೀಗೆ ಆರು ದಿನ ನನ್ನನ್ನು ಮದುವೆಮನೆಯ ಚಾಪೆಯಂತೆ ಎಳೆದಾಡಿ ಇಪ್ಪತ್ತು ಹೆಜ್ಜೆಗೆ ತಂದಳು. ಏಳನೆಯ ದಿನ ಹಕ್ಕಿಗಳ ಗುಂಪು ಬಂತು, ನೆಲಕ್ಕಿಳಿಯಿತು, ನನ್ನತ್ತ ನೋಡಿ ನಿಂತುಬಿಟ್ಟಿತು. ಇಪ್ಪತ್ತು ನಿಮಿಷದೊಳಗೆ ಅವು ನೀರಿಗೆ ಬಾಯಿ ಹಚ್ಚದಿದ್ದರೆ ಗಂಟುಮೂಟೆ ಕಟ್ಟಬೇಕು ಎಂಬುದು ಅವಳ ಕಟ್ಟಳೆ. ಹತ್ತೊಂಬತ್ತನೆಯ ನಿಮಿಷಕ್ಕೆ ಒಂದು ಹಕ್ಕಿ ನೀರಿನತ್ತ ಎರಡು ಹೆಜ್ಜೆ ಇಟ್ಟಿತು. ಇನ್ನೊಂದು ನಿಮಿಷ ತಡೆದಿದ್ದರೆ ಏನು ಗಂಟು ಹೋಗುತ್ತಿತ್ತು? ಇಪ್ಪತ್ತು ತುಂಬಿದ್ದೇ ತಡ, ಇವಳು ಗಡಿಯಾರ ನೋಡಿ ಎದ್ದಳು.

"ಬಂದಿದ್ವಲ್ರಿ ಅಕ್ಕಾರ" ಎಂದ ಮಾಳಪ್ಪ, ಗೂಟ ಕೀಳುತ್ತ.

"ಬಿಸಿಲು ಏರಾಕ ಹತ್ತಿತ್ತು ಮಾಳಪ್ಪ. ನಮ್ಮ ಸಲುವಾಗಿ ಅವು ಯಾಕ ನೀರಡಿಸಬೇಕು?"

ಒಂದು ವಾರದ ದುಡಿಮೆ ಮಣ್ಣುಪಾಲು. ಗೂಡಿನ ಹತ್ತಿರವಂತೂ ಅವಳು ನನ್ನನ್ನು ಒಯ್ಯಲೇ ಇಲ್ಲ. ಗೂಡುಗಳ ಚಿತ್ರ ತೆಗೆಯುವುದಿಲ್ಲ, ಬೇರೆಯವರು ತೆಗೆದದ್ದನ್ನು ಯಾರಿಗೂ ತೋರಿಸುವುದೂ ಇಲ್ಲ. ಕಣ್ಣಾರೆ ಕಾಣದ್ದನ್ನು ಚಿತ್ರದ ಕೆಳಗೆ ಬರೆಯುವುದಿಲ್ಲ. ನೋಡಿದ್ದನ್ನೆಲ್ಲ ಒಂದು ನೋಟ್‌ಬುಕ್ಕಿನಲ್ಲಿ ಬರೆದಿಡುತ್ತಿದ್ದಳು, ದಿನಾಂಕ, ಹೊತ್ತು, ಎಷ್ಟು ಹಕ್ಕಿ, ಎಷ್ಟು ಮರಿ. ಒಮ್ಮೆ ಟಿ.ವಿ. ವಾಹಿನಿಯೊಂದರಿಂದ ಬಂದಿದ್ದ ಮನುಷ್ಯ, "ಮೇಡಂ, ಒಂದು ಕುರಿಮರಿ ಕಟ್ಟಿಸಿ, ತೋಳ ತಾನಾಗಿ ಬರುತ್ತೆ, ಅರ್ಧ ದಿನದ ಕೆಲಸ" ಎಂದ. ಇವಳು ಚಹಾ ಕೊಟ್ಟು ಕಳಿಸಿದಳು. ನನಗೂ ಕುರಿಮರಿಯ ಮೇಲೆ ದ್ವೇಷವೇನಿಲ್ಲ, ಆದರೆ ಅಂದು ನನಗೆ ತಲೆ ಚಚ್ಚಿಕೊಳ್ಳಬೇಕೆನಿಸಿತು. ತಲೆ ಇರಲಿಲ್ಲ.

ಇಷ್ಟು ಮಡಿ ಯಾಕೆ ಎಂಬುದು ನನಗೆ ಮೂರನೆಯ ವರ್ಷ ಗೊತ್ತಾಯಿತು. ಒಂದು ಮಳೆಯ ಮಧ್ಯಾಹ್ನ ಮಾಳಪ್ಪನೂ ಅವಳೂ ನನ್ನೊಳಗೆ ಸಿಕ್ಕಿಕೊಂಡಿದ್ದರು. ಅವಳು ತಾನಾಗಿಯೇ ಹೇಳಿದಳು. ನಾನು ಹುಟ್ಟುವ ಮೊದಲು, ಪಕ್ಕದ ಗುಡ್ಡದಲ್ಲಿ ತೋಳದ ಗವಿಯೊಂದನ್ನು ಕಂಡು ಮರಿಗಳ ಚಿತ್ರ ತೆಗೆದಿದ್ದಳು. ಊರಿನ ಹೆಸರು ಹಾಕದೆ ಫೋನಿನಲ್ಲಿ ನಾಲ್ಕು ಜನ ಗೆಳೆಯರಿಗೆ ಕಳಿಸಿದಳು. ಚಿತ್ರದ ಮೂಲೆಯಲ್ಲಿ ಎರಡು ಗಾಳಿಯಂತ್ರ, ಒಂದು ಮೊಂಡು ಬಂಡೆ ಇದ್ದವು. ಅಷ್ಟು ಸಾಕಾಯಿತು. ನಾಲ್ಕನೆಯ ದಿನ ಜನ ಹೋಗಿ ಗವಿಯ ಬಾಯಿಗೆ ಮುಳ್ಳುಕಂಟಿ ತುಂಬಿ ಬೆಂಕಿ ಹಚ್ಚಿದರು.

"ಐದು ಮರಿ ಇದ್ವು" ಎಂದಳು. "ಅವರ ಸಿಟ್ಟು ತಪ್ಪಲ್ಲ, ಅವರ ಕುರಿ ಹೋಗಿದ್ವು. ದಾರಿ ತೋರಿಸಿದಾಕಿ ನಾ."

ಮಾಳಪ್ಪನ ಕುರಿಗಳೂ ವರ್ಷಕ್ಕೆ ನಾಲ್ಕೈದು ತೋಳದ ಹೊಟ್ಟೆ ಸೇರುತ್ತಿದ್ದವು. ಆದರೂ ಅವನು, "ನನ್ನ ಗುಡ್ಡದಾಗೂ ಒಂದು ಗವಿ ಐತ್ರಿ ಅಕ್ಕಾರ" ಎಂದ. "ಯಾರಿಗೂ ಹೇಳಿಲ್ಲ. ನಿಮಗ ತೋರಸ್ತೀನಿ. ಚಿತ್ರದಾಗ ಗುಡ್ಡ ಬರಬಾರದು."

"ತಗದ್ರೂ ಯಾರಿಗೂ ತೋರ್ಸಂಗಿಲ್ಲ. ನನ್ನ ಪುಸ್ತಕಕ್ಕಷ್ಟ."

ನನಗೆ ಖುಷಿಯಾಯಿತು, ತೋಳ ನೋಡುವ ಭಾಗ್ಯ ಬಂತು ಎಂದು. ಬಂದದ್ದು ಬೇರೆ. ತೋಳ ಬಲು ಸೂಕ್ಷ್ಮ. ನಿನ್ನೆ ಇಲ್ಲದ ವಸ್ತು ಇಂದು ಕಂಡರೆ ಮರಿಗಳನ್ನು ಬಾಯಲ್ಲಿ ಕಚ್ಚಿಕೊಂಡು ಜಾಗ ಬದಲಾಯಿಸುತ್ತದೆ. ಕಂಬಳಿ ಹೊದ್ದ ಕುರುಬ ಮಾತ್ರ ಅದಕ್ಕೆ ದಿನದ ನೋಟ. ಹಾಗಾಗಿ ಮಂದಾಕಿನಿ ಮಾಳಪ್ಪನ ಕಂಬಳಿ ಹೊದ್ದು ಕುರಿಗಳ ನಡುವೆ ದೂರದಲ್ಲಿ ಮಲಗಿ ನೋಡುವುದೆಂದಾಯಿತು. ಜಿಡ್ಡು ವಾಸನೆಯ ಕಂಬಳಿ ಗುಡ್ಡದ ಕೆಲಸಕ್ಕೆ, ಅಳತೆ ಕೊಟ್ಟು ಹೊಲಿಸಿದ ನಾನು ಮನೆಯ ಅಟ್ಟಕ್ಕೆ. ಹೊಟ್ಟೆ ಉರಿಯದೆ ಇರುತ್ತದೆಯೆ?

ನಾನು ಅಟ್ಟದಲ್ಲಿ ಬಿದ್ದಿದ್ದಾಗಲೇ ಸುಮಂತ ಇನಾಮದಾರ ಬಂದ. ಹುಬ್ಬಳ್ಳಿಯಲ್ಲಿ ಟೈಲ್ಸ್ ಅಂಗಡಿ ಇಟ್ಟವರ ಮಗ, ಮೂವತ್ತರ ಆಸುಪಾಸು, ಮಂದಾಕಿನಿ ನಡೆಸಿದ ಶಿಬಿರವೊಂದರಲ್ಲಿ ಕಲಿತವನು. ಕೆರೆಯ ಬಾತುಗಳ ಚಿತ್ರಕ್ಕೆ ಗುಡಾರ ಬೇಕು ಎಂದ. ಅವಳು ಕೂಡಲೇ ಕೊಟ್ಟಳು. ಕೊಡುವಾಗ ಒಂದು ಚೀಟಿ ಬರೆದು ನನ್ನ ಒಳಜೇಬಿನಲ್ಲಿಟ್ಟಳು: "ಗೂಡಿನ ಹತ್ತಿರ ಬೇಡ. ಟೊಂಗೆ ಮುಟ್ಟಬೇಡ. ಇಪ್ಪತ್ತು ನಿಮಿಷ. ಬೆನ್ನಿಗೆ ಮಣ್ಣು ಮೆತ್ತು." ಅವನು ಆ ಚೀಟಿಯ ಮೇಲೆ ಚಿಪ್ಸ್ ಪೊಟ್ಟಣ ತುರುಕಿದ.

ಕೆರೆಯ ಕಡೆ ನಾವು ಹೋಗಲೇ ಇಲ್ಲ. ಯುಗಾದಿ ಮುಗಿದ ವಾರ ಅವನು ನನ್ನನ್ನು ಘಟ್ಟದ ಅಂಚಿನ ಒಂದು ಹಳ್ಳಕ್ಕೆ ಒಯ್ದ. ಹಳ್ಳದ ದಂಡೆಯ ಹೊಂಗೆ ಮರದಲ್ಲಿ ರಾಜಹಕ್ಕಿ ಗೂಡು ಕಟ್ಟಿತ್ತು. ಗಂಡಿಗೆ ಹಾಲಿನಂಥ ಬಿಳಿ ಮೈ, ಮೊಳದುದ್ದದ ಎರಡು ಬಾಲದ ಗರಿ. ಎಳೆಯ ಎಲೆಗಳ ನಡುವೆ ಬಟ್ಟಲಿನಷ್ಟು ಗೂಡು. ಅವನು ನನ್ನನ್ನು ಒಂದೇ ದಿನಕ್ಕೆ ಎಂಟು ಹೆಜ್ಜೆಯಲ್ಲಿ ನಿಲ್ಲಿಸಿದ. ಮಣ್ಣು ಮೆತ್ತಲಿಲ್ಲ. ಎಲೆಗಳು ಅಡ್ಡ ಬರುತ್ತವೆಂದು ಗೂಡಿನ ಸುತ್ತಲ ಟೊಂಗೆಗಳನ್ನು ಬ್ಲೇಡಿನಿಂದ ಕೊಯ್ದು ಹಾಕಿದ. ಆಮೇಲೆ ನನ್ನೊಳಗೆ ಕುಳಿತು ಟಪಟಪ ಹೊಡೆದ. ಅದೇನು ಸಂಭ್ರಮ, ಅದೇನು ಬೆವರು. ಸುಳ್ಳೇಕೆ ಹೇಳಲಿ, ಮೊದಲ ಗಂಟೆ ನನಗೂ ಹಿಗ್ಗೇ. ಕೊನೆಗೂ ಒಬ್ಬ ಕೆಲಸಗಾರ ಸಿಕ್ಕ, ಕೊನೆಗೂ ಒಂದು ಚಿತ್ರ ಎಂದುಕೊಂಡೆ. ಅದಕ್ಕಾಗಿ ಇಂದಿಗೂ ನಾಚಿಕೆಯಾಗುತ್ತದೆ.

ಹನ್ನೊಂದು ಗಂಟೆಗೆ ಬಿಸಿಲು ಗೂಡಿನ ಮೇಲೆ ನೇರವಾಗಿ ಬಿತ್ತು. ಎಲೆ ಇದ್ದ ಜಾಗದಲ್ಲಿ ಆಕಾಶವಿತ್ತು. ಹೆಣ್ಣುಹಕ್ಕಿ ಹುಳ ತರುವುದನ್ನು ಬಿಟ್ಟು ರೆಕ್ಕೆ ಅಗಲಿಸಿ ಮರಿಗಳ ಮೇಲೆ ನೆರಳಾಗಿ ನಿಂತಿತು. ಬಾಯಿ ತೆರೆದುಕೊಂಡು ಏದುಸಿರು ಬಿಡುತ್ತಿತ್ತು. ಸುಮಂತನಿಗೆ ಅದು ಇನ್ನೂ ಚಂದ ಕಂಡಿತು, ಅದನ್ನೂ ತೆಗೆದ. ನಾನು ಬಟ್ಟೆ. ಗಾಳಿ ಬಂದರೆ ಬಡಿದುಕೊಳ್ಳಬಲ್ಲೆ, ಇಲ್ಲವಾದರೆ ಅದೂ ಇಲ್ಲ. ಅಂದು ಗಾಳಿಯೇ ಇರಲಿಲ್ಲ. ಮರುದಿನ ಮಧ್ಯಾಹ್ನ ಮರಿಗಳು ಬಾಯಿ ತೆರೆಯುವುದು ಕಡಿಮೆಯಾಯಿತು. ಒಂದು ಸತ್ತಿತು, ಸಂಜೆಗೆ ಇನ್ನೊಂದು. ಮೂರನೆಯ ದಿನ ಬೆಳಿಗ್ಗೆ ಉಳಿದ ಒಂದನ್ನು ಕಾಗೆ ಎತ್ತಿಕೊಂಡು ಹೋಯಿತು. ಎಲೆಗಳಿಲ್ಲದ ಗೂಡು ಕಾಗೆಗೆ ಅಷ್ಟು ದೂರದಿಂದಲೂ ಕಂಡಿತ್ತು.

ಅಷ್ಟರಲ್ಲಿ ಆ ಊರಿನ ಮೇಷ್ಟ್ರೊಬ್ಬರು, ಸುಮಂತ ಊಟಕ್ಕೆ ಹೋಗಿದ್ದ ಹೊತ್ತಿನಲ್ಲಿ, ಅಲ್ಲಿಗೆ ಬಂದು ನೋಡಿದರು. ಕಡಿದ ಟೊಂಗೆ, ಬರಿದಾದ ಗೂಡು, ಎದುರಿಗೆ ನಾನು. ಫೋನಿನಲ್ಲಿ ಫೋಟೊ ತೆಗೆದು "ಇದು ಯಾರ ಟೆಂಟು?" ಎಂದು ಹಕ್ಕಿ ನೋಡುವವರ ಗುಂಪಿಗೆಲ್ಲ ಕಳಿಸಿದರು. ನನ್ನ ಬೆನ್ನ ಮೇಲೆ ಬೆಳ್ಳಗೆ ಹೊಳೆಯುತ್ತಿತ್ತು: ದಾವಲ್ ಹುಡ್ ವರ್ಕ್ಸ್, ಗದಗ. ಈ ಗುಡಾರ ಯಾರದು ಎಂದು ನಾಡಿನಲ್ಲಿ ಕ್ಯಾಮೆರಾ ಹಿಡಿದವರಿಗೆಲ್ಲ ಗೊತ್ತಿತ್ತು. ಪತ್ರಿಕೆಯಲ್ಲಿ ಅವಳ ಜೊತೆ ನನ್ನ ಫೋಟೊ ಎರಡು ಸಲ ಬಂದಿತ್ತು.

ಸುಮಂತ ಅವಸರದಲ್ಲಿ ನನ್ನನ್ನು ಸುತ್ತಿ, ಗದಗಿನ ಬಸ್ಸಿನ ಕಂಡಕ್ಟರನ ಕೈಯಲ್ಲಿ ಕೊಟ್ಟು ಕಳಿಸಿಬಿಟ್ಟ. ಮಂದಾಕಿನಿ ಬಸ್‌ಸ್ಟ್ಯಾಂಡಿಗೆ ಬಂದು ನನ್ನನ್ನು ಇಳಿಸಿಕೊಂಡಳು. ಮನೆಯಲ್ಲಿ ಬಿಚ್ಚಿದಾಗ ನನ್ನ ಮಡಿಕೆಯಿಂದ ಹೊಂಗೆಯ ಬಾಡಿದ ಎಲೆಗಳು ಉದುರಿದವು. ಒಂದು ತೊಟ್ಟನ್ನು ಎತ್ತಿ ನೋಡಿದಳು. ಮುರಿದದ್ದಲ್ಲ, ಕೊಯ್ದದ್ದು. ಅವನಿಗೆ ಫೋನು ಮಾಡಿದಳು. "ನಾ ಅಲ್ರಿ ಮೇಡಂ, ಲಾಡ್ಜಿನ ಹೊರಗ ಇಟ್ಟಿದ್ದೆ, ಯಾರೋ ಒಯ್ದು ತಂದಿಟ್ಟಾರ" ಎಂದ. ಅವಳು "ಆತು" ಎಂದು ಫೋನಿಟ್ಟಳು.

ಆಗ ಅವಳ ಮುಂದೆ ಜೀವಮಾನದ ಕೆಲಸವೊಂದಿತ್ತು. ನಮ್ಮ ಕುರುಚಲು ಕಾಡಿನ ಬಗ್ಗೆ ಒಂದೂವರೆ ಗಂಟೆಯ ಚಿತ್ರ ಮಾಡಿಕೊಡಲು ಸಂಸ್ಥೆಯೊಂದು ಅವಳಿಗೆ ವಹಿಸಿತ್ತು. ಅಲ್ಲಿಯವರು ಫೋನು ಮಾಡಿ ಕೇಳಿದರು: ಆ ವಾರ ನೀವು ಎಲ್ಲಿದ್ದಿರಿ? ಇವಳು ಆ ವಾರ ಕಂಬಳಿ ಹೊದ್ದು ತೋಳದ ಗವಿಯ ಎದುರು ಇದ್ದಳು. ದಿನಾಂಕ, ಗಂಟೆ ಸಮೇತ ವಿಡಿಯೋ ಇತ್ತು. ಅದನ್ನು ತೋರಿಸಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಆದರೆ ಎಷ್ಟು ಜಾಗ್ರತೆ ಮಾಡಿದರೂ ಮರಿಗಳು ಓಡಿದ ಕಡೆ ಕ್ಯಾಮೆರಾ ತಿರುಗಿತ್ತು, ಗುಡ್ಡದ ಅಂಚು ಬಂದಿತ್ತು, ಗಾಳಿಯಂತ್ರ ಬಂದಿತ್ತು.

"ಬೇರೆ ಕಡೆ ಇದ್ದೆ" ಎಂದಳು. "ಎಲ್ಲಿ ಅಂತ ಹೇಳಾಕ ಬರಂಗಿಲ್ಲ."

"ಹಾಗಾದರೆ ಟೆಂಟು ಯಾರಿಗೆ ಕೊಟ್ಟಿದ್ದಿರಿ?"

"ಅವರು ಅಲ್ಲಿದ್ದದ್ದನ್ನ ನಾ ನೋಡಿಲ್ಲ. ನೋಡದ್ದನ್ನ ಹ್ಯಾಂಗ ಹೇಳ್ಲಿ?"

ಅಟ್ಟದಲ್ಲಿ ಬಿದ್ದುಕೊಂಡು ಇದನ್ನೆಲ್ಲ ಫೋನಿನಲ್ಲಿ ಅವಳು ಹೇಳುವುದನ್ನು ಕೇಳುತ್ತಿದ್ದೆ. ನಾನು ನೋಡಿದ್ದೆನಲ್ಲ. ಬ್ಲೇಡಿನ ಪ್ರತಿ ಏಟನ್ನೂ ನೋಡಿದ್ದೆ. ಆಡಲು ಬಾಯಿಲ್ಲದವನು ನಾನು, ಬಾಯಿದ್ದೂ ಆಡದವಳು ಅವಳು. ಅವಳು ದುಡಿದು ಗಳಿಸಿದ್ದ ಹೆಸರು ಎರಡು ವಾರದಲ್ಲಿ ಹೋಯಿತು. ಗೂಡಿನ ಹತ್ತಿರ ಹೋಗಬೇಡಿ ಎಂದು ಊರಿಗೆಲ್ಲ ಹೇಳಿದವಳು ಗೂಡನ್ನೇ ಕೊಂದಳು ಎಂದು ಜನ ಬರೆದರು. ಚಿತ್ರ ಕೈತಪ್ಪಿತು. ಹೊಟ್ಟೆಪಾಡಿಗೆ ಅವಳು ಮತ್ತೆ ಮದುವೆ ವಿಡಿಯೋಗೆ ಹೋದಳು. "ತಾಳಿ ಇನ್ನೊಮ್ಮೆ ಹಿಡೀರಿ" ಎಂದು ಹೇಳಿ ಬಂದ ದಿನ ಕ್ಯಾಮೆರಾವನ್ನು ಒರೆಸದೆ ಹಾಗೇ ಮೂಲೆಗಿಡುತ್ತಿದ್ದಳು.

ನನ್ನನ್ನು ಎಲ್ಲಿ ನಿಲ್ಲಿಸಿದರೂ ಜನ ಫೋಟೊ ಹೊಡೆಯುತ್ತಿದ್ದರು. ಕಾಣದಂತಿರಬೇಕಾದ ಗುಡಾರ ಜಿಲ್ಲೆಯಲ್ಲೇ ಹೆಚ್ಚು ಪ್ರಸಿದ್ಧವಾದ ಗುಡಾರವಾಗಿತ್ತು. ಕೊನೆಗೆ ಅವಳು ನನ್ನನ್ನು ಮಾಳಪ್ಪನ ಕುರಿಹಟ್ಟಿಗೆ ತಂದಳು. "ಸಣ್ಣ ಮರಿಗಳಿಗೆ ನೆರಳಾಗ್ಲಿ" ಎಂದಳು. ಹೀಗೆ ನಾನು ಕುರಿಮರಿಗಳ ತೊಟ್ಟಿಲುಮನೆಯಾದೆ. ಮೈಯೆಲ್ಲ ಹಿಕ್ಕೆ, ತೋಳಿನ ಇಲಾಸ್ಟಿಕ್ ಜಗಿದು ಹಾಕಿದವು.

ಒಂದು ವರ್ಷ ಕಳೆಯಿತು. ಮಾರ್ಚ್ ತಿಂಗಳ ಒಂದು ಬೆಳಿಗ್ಗೆ ಮಂದಾಕಿನಿ ಹಟ್ಟಿಗೆ ಬಂದಳು. ಗವಿಯಲ್ಲಿ ಆ ವರ್ಷವೂ ತೋಳ ಮರಿ ಹಾಕಿತ್ತು. ಯಾರೂ ಕೊಳ್ಳದ, ಯಾರಿಗೂ ತೋರಿಸದ ವಿಡಿಯೋವನ್ನು ಅವಳು ಇನ್ನೂ ತೆಗೆಯುತ್ತಲೇ ಇದ್ದಳು. ಬಿಸಿಲೇರಿದ ಮೇಲೆ ಇಬ್ಬರೂ ನನ್ನೊಳಗೆ ಬಂದು ಕುಳಿತು ರೊಟ್ಟಿ ತಿಂದರು. ಅವಳು ಕ್ಯಾಮೆರಾ ಚಾಲೂ ಮಾಡಿ, ಎದುರಿಗೆ ಜಿಗಿದಾಡುತ್ತಿದ್ದ ಕುರಿಮರಿಗಳನ್ನು ಸುಮ್ಮನೆ ತೆಗೆಯುತ್ತಿದ್ದಳು. ಮಾಳಪ್ಪ ಎಲೆ ಅಡಿಕೆ ಹಾಕಿಕೊಂಡು ಕೈ ಬೀಸುತ್ತ ಹೊರಗೆ ಹೋದ. ಆಗ ಕೆಳಗಿನಿಂದ ಜೀಪು ಬಂತು.

ಇಳಿದವನು ಸುಮಂತ. ಅವಳ ಕೈತಪ್ಪಿದ ಆ ಕುರುಚಲು ಕಾಡಿನ ಚಿತ್ರ ಈಗ ಅವನ ಪಾಲಿಗೆ ಬಂದಿತ್ತು.

"ಯಜಮಾನ್ರ, ಇಲ್ಲಿ ತೋಳ ಅದಾವೇನ್ರಿ?"

"ತೋಳಾ? ನಮ್ಮಜ್ಜನ ಕಾಲಕ್ಕ ಹೋದುವ್ರಿ. ಈಗ ಬರೇ ಫ್ಯಾನ್ ಅದಾವು" ಎಂದ ಮಾಳಪ್ಪ ಗಾಳಿಯಂತ್ರ ತೋರಿಸಿ.

ಸುಮಂತ ನಗಲಿಲ್ಲ. ಅವನು ನನ್ನ ಬೆನ್ನನ್ನು ನೋಡುತ್ತಿದ್ದ. ಅಕ್ಷರಗಳು ಅರ್ಧ ಮಾಸಿದ್ದರೂ ಓದಬಹುದಿತ್ತು. ಅವನ ದನಿ ಇಳಿಯಿತು. "ಇದು ಮೇಡಮ್ಮಾರದು" ಎಂದ. "ಸುಳ್ಳ ಹೇಳಬ್ಯಾಡ್ರಿ ಯಜಮಾನ್ರ. ಟೊಂಗಿ ಕಡದಾಂವ ನಾ. ಅವರು ಅಷ್ಟು ಬೈಸ್ಕೊಂಡ್ರೂ ಎಲ್ಲಿದ್ದೆ ಅಂತ ಹೇಳ್ಲಿಲ್ಲ. ಯಾಕ ಹೇಳ್ಲಿಲ್ಲ ಅಂತ ಒಂದು ವರ್ಷ ವಿಚಾರ ಮಾಡೀನಿ. ಇಲ್ಲೆ ಗವಿ ಇರಬೇಕು. ಇಲ್ಲಾಂದ್ರ ಅವರ ಟೆಂಟು ಇಲ್ಲಿಗೆ ಯಾಕ ಬರ್ತಿತ್ತು?"

ನನ್ನೊಳಗೆ ಅವಳು ಅಲುಗದೆ ಕುಳಿತಿದ್ದಳು. ಇಬ್ಬರು ಒಳಗೆ ಬಂದಿದ್ದರು, ಒಬ್ಬ ಹೊರಗೆ ಹೋಗಿದ್ದ. ಕ್ಯಾಮೆರಾದ ಕೆಂಪು ದೀಪ ಉರಿಯುತ್ತಿತ್ತು. ಪ್ರತಿ ಮಾತೂ ದಾಖಲಾಗುತ್ತಿತ್ತು. ದೇವರೇ, ಬಂತು, ಈ ಸಲವಾದರೂ ಬಂತು ಎಂದು ನನ್ನ ಹೊಲಿಗೆ ಹೊಲಿಗೆಯೂ ಬಿಗಿಯಿತು. ಅವಳ ಬೆರಳು ಗುಂಡಿಯ ಮೇಲೆ ಹೋಯಿತು. ಕೆಂಪು ದೀಪ ಆರಿತು.

ಆರಿಸಿದಳು. ಆರಿಸಿ, ಈವರೆಗೆ ಎಂದೂ ಮಾಡದ ಕೆಲಸ ಮಾಡಿದಳು. ಎದುರಿಗೆ ಪ್ರಾಣಿ ಇರುವಾಗ, ಇಪ್ಪತ್ತು ನಿಮಿಷ ತುಂಬದೆ, ಗುಡಾರದಿಂದ ಏಳಬಾರದು ಎಂಬುದು ಅವಳ ಮೊದಲ ಪಾಠ. ಅವಳು ಪರದೆ ಸರಿಸಿ ಹೊರಗೆ ಬಂದು ಅವನ ಮುಂದೆ ನಿಂತಳು.

ಸುಮಂತ ಒಂದು ಹೆಜ್ಜೆ ಹಿಂದೆ ಸರಿದ. ಬೈಗುಳಕ್ಕೆ ಕಾದು ನಿಂತ. ನಾನೂ ಕಾದೆ.

"ಗೂಡಿನ್ಯಾಗ ಎಷ್ಟು ಮರಿ ಇದ್ವು?" ಎಂದಳು.

"ಏನ್ರಿ ಮೇಡಂ?"

"ರಾಜಹಕ್ಕಿ ಮರಿ. ನನ್ನ ನೋಟ್‌ಬುಕ್ಕಿನ್ಯಾಗ ಆ ಪುಟ ಖಾಲಿ ಐತಿ. ನನ್ನ ಗುಡಾರದ ಮುಂದ ಸತ್ವು, ಬರ್ಕೋಬೇಕಲ್ಲ. ಎಷ್ಟಿದ್ವು?"

"ಎರಡು... ಎರಡಿರಬೇಕ್ರಿ." ನೆಲ ನೋಡಿದ. "ಗೊತ್ತಿಲ್ರಿ."

ಎರಡು ದಿನ ಎಂಟು ಹೆಜ್ಜೆಯ ದೂರದಲ್ಲಿ ಕುಳಿತು ಸಾವಿರ ಚಿತ್ರ ಹೊಡೆದವನು. ಹಕ್ಕಿಗೆ ಎಣಿಸಲು ಬರುವುದಿಲ್ಲ ಎನ್ನುತ್ತಾರೆ, ಆ ಮಾತನ್ನು ನಾನು ಅಂದಿನಿಂದ ಹಕ್ಕಿಗಳ ಬಗ್ಗೆ ಆಡುವುದಿಲ್ಲ.

"ಫೋಟೊ ಅದಾವಲ್ಲ, ನೋಡಿ ಹೇಳು" ಎಂದಳು. ಆಮೇಲೆ, ಮಾಳಪ್ಪ ಬೇಡ ಬೇಡ ಎಂದು ಹಿಂದಿನಿಂದ ಕೈ ಆಡಿಸುತ್ತಿದ್ದರೂ, ಇನ್ನೊಂದು ಮಾತು ಸೇರಿಸಿದಳು. "ಗವಿ ಐತಿ. ನೀ ಅಂದದ್ದು ಖರೆ. ಈಗ ಮರಿ ಅದಾವು. ಇನ್ನ ನಿನಗ ಬಿಟ್ಟದ್ದು."

ಅವನು ಜೀಪು ಹತ್ತಿದ.

ಅದೇ ಮನುಷ್ಯನಿಗೆ ಎರಡನೆಯ ಸಲ! ಮೊದಲು ನನ್ನನ್ನು ಕೊಟ್ಟಳು, ಈಗ ತೋಳಗಳನ್ನು. ಮಾಳಪ್ಪ ಕೋಲನ್ನು ನೆಲಕ್ಕೆ ಕುಟ್ಟಿದ. "ಮಾತು ಸಿಕ್ಕಿತ್ತಲ್ರಿ ನಿಮ್ಮ ಡಬ್ಬಿಯಾಗ. ಯಾಕ ಬಂದ್ ಮಾಡಿದ್ರಿ?"

"ಅವಗ ಗೊತ್ತಿಲ್ಲದ ತಗದದ್ದು, ಮಾಳಪ್ಪ."

"ಪ್ರಾಣಿನ ಕೇಳಿ ತಗೀತೀರೇನ್ರಿ?"

"ಅವನ ಮಾತಿನ್ಯಾಗ ಗವಿನೂ ಐತಲ್ಲ" ಎಂದಷ್ಟೇ ಹೇಳಿ ನೀರು ಕುಡಿದಳು.

ಆಮೇಲಿನ ಮೂರು ವಾರ ನಮಗೆ ನೆಮ್ಮದಿಯಿಲ್ಲ. ಕೆಳಗೆ ದಾರಿಯಲ್ಲಿ ಧೂಳೆದ್ದರೆ ಮಾಳಪ್ಪ ಎದ್ದು ನಿಲ್ಲುತ್ತಿದ್ದ. ಗವಿಯ ದಿಕ್ಕಿನಲ್ಲಿ ಹೊಗೆ ಕಂಡಂತಾಗಿ ಒಂದು ಮಧ್ಯಾಹ್ನ ಓಡಿಯೇ ಹೋದ. ಯಾರೋ ಬದುವಿನ ಕಸ ಸುಡುತ್ತಿದ್ದರಂತೆ. ಜೀಪು ಬರಲಿಲ್ಲ. ಯಾರೂ ಬರಲಿಲ್ಲ. ನಾಲ್ಕನೆಯ ವಾರ ಮಂದಾಕಿನಿ ಒಂದು ಲಕೋಟೆ ಹಿಡಿದು ಬಂದಳು. ಬಸ್ ಕಂಡಕ್ಟರನ ಕೈಯಲ್ಲಿ ಬಂದದ್ದು. ಒಳಗೆ ಒಂದು ಫೋಟೊ: ಬಟ್ಟಲಿನಂಥ ಗೂಡು, ರೆಕ್ಕೆ ಅಗಲಿಸಿದ ಹೆಣ್ಣುಹಕ್ಕಿ, ಅದರ ಕೆಳಗೆ ತೆರೆದ ಮೂರು ಬಾಯಿ. ಹಿಂದುಗಡೆ ಬರೆದಿದ್ದನ್ನು ಅವಳು ಮಾಳಪ್ಪನಿಗೆ ಓದಿದಳು.

"ಮೂರು ಮರಿ. ಹೋದ ವರ್ಷದ ಏಪ್ರಿಲ್ ೯. ಟೊಂಗೆ ಕಡಿದವನು ನಾನು, ಸುಮಂತ ಇನಾಮದಾರ. ಯಾರಿಗೆ ಬೇಕಾದರೂ ತೋರಿಸಿರಿ."

ಮಾಳಪ್ಪನ ಮುಖ ಅರಳಿತು. "ಇದರಾಗ ನಮ್ಮ ಗುಡ್ಡ ಇಲ್ಲ, ಗವಿ ಇಲ್ಲ. ನಾಳಿಗೇ ತೋರಸ್ರಿ ಅಕ್ಕಾರ, ಎಲ್ಲಾರಿಗೂ."

ಅವಳು ನೋಟ್‌ಬುಕ್ಕು ತೆಗೆದು ಖಾಲಿ ಪುಟದಲ್ಲಿ ಮೂರು ಎಂದು ಬರೆದಳು. ಕಣ್ಣು ಒರೆಸಿಕೊಂಡಳು. ನನ್ನೊಳಗೆ ಬಗ್ಗಿ, ಒಳಜೇಬಿನಿಂದ ಹಳೆಯ ಚೀಟಿ ತೆಗೆದು, ಅದರ ಜೊತೆ ಫೋಟೊವನ್ನೂ ಮಡಿಚಿ ಮತ್ತೆ ಒಳಗಿಟ್ಟು ಗುಂಡಿ ಹಾಕಿದಳು.

"ಗೂಡಿನ ಫೋಟೊ ಹ್ಯಾಂಗ ತೋರಸ್ಲಿ, ಮಾಳಪ್ಪ?" ಎಂದಳು.

ಅವನು ಅವಳನ್ನು ನೋಡಿದ, ನನ್ನನ್ನು ನೋಡಿದ, ಕುರಿಗಳನ್ನು ಹೊಡೆದುಕೊಂಡು ಗುಡ್ಡ ಹತ್ತಿಬಿಟ್ಟ. ಅವನಿಗಾದರೆ ಹತ್ತಲು ಗುಡ್ಡವಿತ್ತು. ನನಗೆ ಅದೂ ಇಲ್ಲ.

ಸುಮಂತನ ಚಿತ್ರ ಮಳೆಗಾಲದಲ್ಲಿ ಟಿ.ವಿ.ಯಲ್ಲಿ ಬಂತಂತೆ. ಮಾಳಪ್ಪ ಪೂರ್ತಿ ಕುಳಿತು ನೋಡಿ ಬಂದು ಕುರಿಗಳಿಗೆ ವರದಿ ಒಪ್ಪಿಸಿದ. ನರಿ ಇತ್ತು, ಜಿಂಕೆ ಇತ್ತು, ಗೌಜಲಹಕ್ಕಿ ನೀರು ಕುಡಿಯುವುದೂ ಇತ್ತು. ತೋಳ ಒಂದೂ ಇರಲಿಲ್ಲ. ಅವಳು ನಂಬಿ ಕೊಟ್ಟದ್ದನ್ನು ಅವನು ಈ ಸಲ ಉಳಿಸಿಕೊಂಡ. ಇದನ್ನು ಒಪ್ಪಿಕೊಳ್ಳಲು ನನಗೆ ಬಹಳ ದಿನ ಹಿಡಿಯಿತು.

ಈಗ ನನಗೆ ವಯಸ್ಸಾಗಿದೆ. ನೆತ್ತಿಯಲ್ಲಿ ತೂತು ಬಿದ್ದಿದೆ, ಒಂದು ಕೋಲು ಮುರಿದು ವಾಲಿಕೊಂಡಿದ್ದೇನೆ. ದಾವಲಸಾಬರು ತೀರಿಕೊಂಡರಂತೆ, ಹರಿದರೆ ಒಯ್ಯಲು ಈಗ ಯಾರೂ ಇಲ್ಲ. ಮಂದಾಕಿನಿಯ ತಲೆಯಲ್ಲಿ ನರೆ ಇಣುಕಿದೆ. ಇಂದಿಗೂ ಅವಳನ್ನು ಗೂಡು ಕೊಂದವಳು ಎನ್ನುವವರಿದ್ದಾರೆ. ಫೋಟೊ ನನ್ನ ಒಳಜೇಬಿನಲ್ಲೇ ಇದೆ. ಒಂದು ದಿನ ಯಾವುದೋ ಮೇಕೆ ಜೇಬು ಸಮೇತ ಅದನ್ನು ತಿಂದುಹಾಕುತ್ತದೆ, ಅಲ್ಲಿಗೆ ಎಲ್ಲ ಮುಗಿಯುತ್ತದೆ. ಅವಳು ಹೇಳುವುದಿಲ್ಲ. ಮಾಳಪ್ಪನಿಗೆ ಅವಳು ಹೇಳಗೊಡುವುದಿಲ್ಲ. ಅದಕ್ಕೇ ನಾನು, ಜೀವಮಾನವಿಡೀ ಸದ್ದು ಮಾಡದೆ ಇರಲೆಂದೇ ಹೊಲಿಸಿಕೊಂಡವನು, ಇಷ್ಟು ಮಾತಾಡಬೇಕಾಯಿತು.

ಅವಳು ಆ ಗೂಡಿನ ಹತ್ತಿರ ಹೋಗಿರಲಿಲ್ಲ. ನಾನು ಅಲ್ಲಿದ್ದೆ, ನೋಡಿದ್ದೇನೆ. ಮರಿಗಳು ಮೂರಿದ್ದವು.

ಈ ವರ್ಷ ಗವಿಯಲ್ಲಿ ನಾಲ್ಕಿವೆ. ಗುಡ್ಡದ ಹೆಸರು ಮಾತ್ರ ಕೇಳಬೇಡಿ.